ಡ್ರಗ್ಸ್ ಮೇಲಿನ ಸಂಶೋಧನೆ ಯಾರನ್ನು ಎಣಿಸುತ್ತದೆ, ಯಾರನ್ನು ಬಿಡುತ್ತದೆ?

ಸಂಶೋಧನಾ ವಿದ್ಯಾರ್ಥಿನಿ

ಎಲ್ಲರಿಗೂ ನಮಸ್ಕಾರ. ನಾನು ಸಮಾಜಕಾರ್ಯ ವಿಭಾಗದಲ್ಲಿ ಸಂಶೋಧನೆ ಮಾಡುತ್ತಿದ್ದೇನೆ. ಡ್ರಗ್ಸ್ ದುರ್ಬಳಕೆ ಮತ್ತು ಅದರ ಸಾಮಾಜಿಕ ಪರಿಣಾಮ ನನ್ನ ವಿಷಯ. ಈಗ ಓದುವ ಹಂತದಲ್ಲಿದ್ದೇನೆ, ಇನ್ನೂ ಯಾರನ್ನೂ ಮಾತಾಡಿಸಿಲ್ಲ. ಪ್ರಶ್ನಾವಳಿ ಸಿದ್ಧ ಮಾಡುವ ಮೊದಲು ನಿಮ್ಮನ್ನೆಲ್ಲ ಕೇಳೋಣ ಅನ್ನಿಸಿತು.

ಓದಿದ ಬಹುತೇಕ ಲೇಖನಗಳಲ್ಲಿ ಪರಿಣಾಮಗಳ ಪಟ್ಟಿ ಒಂದೇ ಥರ ಇರುತ್ತದೆ. ಓದು ನಿಲ್ಲುತ್ತದೆ, ಕೆಲಸ ಹೋಗುತ್ತದೆ, ಸಾಲ ಆಗುತ್ತದೆ, ಮನೆಯಲ್ಲಿ ಜಗಳ, ಕಳ್ಳತನ, ಕೊನೆಗೆ ಜೈಲು. ಇದರಲ್ಲಿ ಯಾವುದು ಡ್ರಗ್ಸ್‌ನಿಂದ ಬಂತು? ಯಾವುದು ಅದಕ್ಕೂ ಮೊದಲೇ ಇತ್ತು? ಯಾವುದು ಸಿಕ್ಕಿಬಿದ್ದ ಮೇಲೆ ಸುತ್ತಲಿನವರು ನಡೆಸಿಕೊಂಡ ರೀತಿಯಿಂದ ಬಂತು? ಮೂರನ್ನೂ ಬಿಡಿಸಿ ನೋಡದಿದ್ದರೆ ನನ್ನ ಕೆಲಸಕ್ಕೆ ಅರ್ಥವೇ ಇಲ್ಲ ಅನ್ನಿಸುತ್ತಿದೆ.

1998ರಲ್ಲಿ ಅಮೆರಿಕದ ವಿನ್ಸೆಂಟ್ ಫೆಲಿಟ್ಟಿ ಮತ್ತು ಸಂಗಡಿಗರು ಬಾಲ್ಯದ ಕಹಿ ಅನುಭವಗಳ ಬಗ್ಗೆ ಪ್ರಕಟಿಸಿದ ಅಧ್ಯಯನ ಓದಿದೆ. ಹೊಡೆತ, ಲೈಂಗಿಕ ಕಿರುಕುಳ, ಮನೆಯಲ್ಲಿ ಕುಡಿತ, ತಾಯಿಯ ಮೇಲೆ ಹಿಂಸೆ, ಇಂಥವುಗಳಲ್ಲಿ ನಾಲ್ಕು ಅಥವಾ ಹೆಚ್ಚು ಬಗೆಯನ್ನು ಕಂಡವರಲ್ಲಿ ಕುಡಿತ, ಡ್ರಗ್ಸ್, ಖಿನ್ನತೆ, ಆತ್ಮಹತ್ಯೆ ಯತ್ನದ ಅಪಾಯ 4ರಿಂದ 12 ಪಟ್ಟು ಜಾಸ್ತಿ ಇತ್ತು. ಅಂದಮೇಲೆ ಆ ಮನೆಯ ಜಗಳವನ್ನು ಡ್ರಗ್ಸ್‌ನ 'ಪರಿಣಾಮ' ಎಂದು ಬರೆಯುವುದು ಹೇಗೆ? ಅದು ಕಾರಣವೂ ಆಗಿರಬಹುದು ಅಲ್ವಾ?

ಈ ಕ್ಷೇತ್ರ ಹತ್ತಿರದಿಂದ ಬಲ್ಲವರು ದಯವಿಟ್ಟು ಹೇಳಿ.

ಅಂಕಿ ಓದುವವ

ಒಳ್ಳೆಯ ಪ್ರಶ್ನೆ ಮೇಡಂ. ನಿಮಗೆ ಬೇಕಾದ ಉದಾಹರಣೆ ಅಮೆರಿಕದ ಫಿಲಡೆಲ್ಫಿಯಾ ನಗರದಲ್ಲಿದೆ.

1980ರ ದಶಕದ ಅಮೆರಿಕದಲ್ಲಿ ಕ್ರ್ಯಾಕ್ ಕೊಕೇನ್ ಹರಡಿತ್ತು. ಗರ್ಭಿಣಿಯಾಗಿದ್ದಾಗ ಕೊಕೇನ್ ಬಳಸಿದವರ ಮಕ್ಕಳ ಬಗ್ಗೆ 1985ರಲ್ಲಿ ಒಂದು ಚಿಕ್ಕ ಅಧ್ಯಯನ ಬಂತು. ಪತ್ರಿಕೆಗಳು ಅದನ್ನು ಹಿಡಿದು ಒಂದು ಇಡೀ ಪೀಳಿಗೆಯೇ ಹಾಳಾಯಿತು ಎಂದು ಬರೆದವು. ಆ ಮಕ್ಕಳು ಕಲಿಯಲಾರರು, ಯಾರನ್ನೂ ಪ್ರೀತಿಸಲಾರರು, ದೊಡ್ಡವರಾದ ಮೇಲೆ ಸಮಾಜಕ್ಕೆ ಹೊರೆ ಎಂದೆಲ್ಲ ಮಾತು ಬಂತು.

ಹ್ಯಾಲಮ್ ಹರ್ಟ್ ಎಂಬ ಫಿಲಡೆಲ್ಫಿಯಾದ ಮಕ್ಕಳ ವೈದ್ಯೆ 1989ರಲ್ಲಿ ಇದನ್ನು ಸರಿಯಾಗಿ ಪರೀಕ್ಷಿಸಲು ಹೊರಟರು. 224 ಶಿಶುಗಳು. ಸುಮಾರು ಅರ್ಧದಷ್ಟು ಮಕ್ಕಳ ತಾಯಂದಿರು ಕೊಕೇನ್ ಬಳಸಿದ್ದರು, ಉಳಿದವರು ಇಲ್ಲ. ಎರಡೂ ಗುಂಪಿನವರು ಬಡ ಕುಟುಂಬದವರು. ಈ ಕೊನೆಯ ಮಾತೇ ಮುಖ್ಯ. ಬಡವರನ್ನು ಉಳ್ಳವರ ಜೊತೆ ಹೋಲಿಸಿ ವ್ಯತ್ಯಾಸವನ್ನೆಲ್ಲ ಕೊಕೇನ್ ಲೆಕ್ಕಕ್ಕೆ ಬರೆಯಲು ಅಲ್ಲಿ ಅವಕಾಶವೇ ಇರಲಿಲ್ಲ. ಇಪ್ಪತ್ತು ವರ್ಷಕ್ಕೂ ಹೆಚ್ಚು ಕಾಲ ಆ ಮಕ್ಕಳ ಬೆಳವಣಿಗೆ ನೋಡಿದರು. ಎರಡು ಗುಂಪಿನ ನಡುವೆ ಹೇಳಿಕೊಳ್ಳುವಂಥ ವ್ಯತ್ಯಾಸ ಸಿಗಲಿಲ್ಲ. ಆದರೆ ಎರಡೂ ಗುಂಪಿನ ಮಕ್ಕಳು ಬುದ್ಧಿಮತ್ತೆಯ ಪರೀಕ್ಷೆಯಲ್ಲಿ ಸರಾಸರಿಗಿಂತ ಕೆಳಗಿದ್ದರು. ಏಳು ವರ್ಷದೊಳಗೆ ಹೆಚ್ಚಿನ ಮಕ್ಕಳು ಗುಂಡಿನ ಸದ್ದು ಕೇಳಿದ್ದರು, ಯಾರನ್ನೋ ಪೊಲೀಸರು ಎಳೆದೊಯ್ಯುವುದನ್ನು ನೋಡಿದ್ದರು. ಬಡತನದ ಪೆಟ್ಟು ಕೊಕೇನ್ ಪೆಟ್ಟಿಗಿಂತ ದೊಡ್ಡದು ಎಂಬ ತೀರ್ಮಾನಕ್ಕೆ ಹರ್ಟ್ ಬಂದರು.

ಗರ್ಭದಲ್ಲಿರುವಾಗ ಕೊಕೇನ್ ಬಿದ್ದರೆ ಏನೂ ಆಗುವುದಿಲ್ಲ ಎಂದು ಇದರ ಅರ್ಥವಲ್ಲ. ಅವಧಿಗೆ ಮೊದಲೇ ಹೆರಿಗೆ, ಮಗುವಿನ ತೂಕ ಕಡಿಮೆ ಆಗುವುದು ನಿಜ. ಹರ್ಟ್ ಅಧ್ಯಯನದಲ್ಲಿ ಇದ್ದದ್ದು 34 ವಾರ ದಾಟಿ ಹುಟ್ಟಿದ ಮಕ್ಕಳು ಮಾತ್ರ. ಹೋಲಿಕೆಗೆ ಯಾರನ್ನು ಆರಿಸುತ್ತೀರಿ ಎಂಬುದನ್ನು ಮೊದಲು ಗಟ್ಟಿ ಮಾಡಿಕೊಳ್ಳಿ. ಉತ್ತರದ ಅರ್ಧ ಅಲ್ಲೇ ನಿರ್ಧಾರವಾಗಿಬಿಡುತ್ತದೆ.

ಅವನ ತಂಗಿ

ಮೇಲಿನವರ ಮಾತು ಓದಿದೆ. ಸರಿ ಇದೆ. ಆದರೂ ಸುಮ್ನೆ ಇರಲು ಆಗುತ್ತಿಲ್ಲ.

ಬಡತನ, ಬಾಲ್ಯ, ಪರಿಸರ ಎಂದು ಹೇಳಿ ಡ್ರಗ್ಸ್ ಅನ್ನು ಚಿಕ್ಕದು ಮಾಡಬೇಡಿ. ನಮ್ಮ ಮನೆಯಲ್ಲಿ ಬಡತನ ಇರಲಿಲ್ಲ. ಹೊಡೆತ ಇರಲಿಲ್ಲ. ಅಣ್ಣ ಚೆನ್ನಾಗಿ ಓದುತ್ತಿದ್ದ. ಆಮೇಲೆ ಹೆರಾಯಿನ್ ಬಂತು. ಅವನಿಗೆ ಏನಾಯಿತು ಎಂದು ಹೇಳಲು ವೈದ್ಯರ ಹತ್ತಿರ ದಪ್ಪ ಫೈಲ್ ಇದೆ. ನಮಗೆ ಏನಾಯಿತು ಎಂದು ಯಾರ ಫೈಲಿನಲ್ಲೂ ಇಲ್ಲ.

ಅಮ್ಮ ರಾತ್ರಿ ಮಲಗುವುದನ್ನೇ ಬಿಟ್ಟರು. ಬಾಗಿಲ ಸದ್ದಾದರೂ ಭಯ, ಆಗದಿದ್ದರೂ ಭಯ. ಅಪ್ಪ ಸಂಬಂಧಿಕರ ಮನೆಗೆ ಹೋಗುವುದು ನಿಲ್ಲಿಸಿದರು. ನನ್ನ ಬಳಿ ಯಾರಾದರೂ ಅಣ್ಣ ಏನು ಮಾಡುತ್ತಿದ್ದಾನೆ ಎಂದು ಕೇಳಿದರೆ ಹೇಳಲು ಒಂದು ಸುಳ್ಳು ಸದಾ ತಯಾರಿರುತ್ತಿತ್ತು. ಮನೆಯ ದುಡ್ಡು, ಮನೆಯ ಮಾತು, ಮನೆಯ ಸಮಯ ಎಲ್ಲ ಅವನೊಬ್ಬನ ಸುತ್ತಲೇ ತಿರುಗುತ್ತಿತ್ತು. ನಾನು ಪರೀಕ್ಷೆಯಲ್ಲಿ ಪಾಸಾದದ್ದು ಆ ದಿನ ಮನೆಯಲ್ಲಿ ಯಾರಿಗೂ ನೆನಪಾಗಲಿಲ್ಲ. ಅದಕ್ಕೆ ಅವರನ್ನು ದೂರುವುದಿಲ್ಲ. ಅಷ್ಟು ದಣಿದಿದ್ದರು.

ಚಿಕಿತ್ಸೆಗೆ ಸೇರಿಸಿದಾಗ ಒಂದು ಫಾರ್ಮ್ ಕೊಟ್ಟರು. ಕುಟುಂಬದ ಹಿನ್ನೆಲೆ ಎಂದು ಒಂದು ಭಾಗ ಇತ್ತು. ಮನೆಯಲ್ಲಿ ಬೇರೆ ಯಾರಿಗಾದರೂ ಚಟ ಇದೆಯೇ, ಮಾನಸಿಕ ಕಾಯಿಲೆ ಇದೆಯೇ, ಜಗಳ ಆಗುತ್ತದೆಯೇ. ನಮ್ಮನ್ನು ಕೇಳಿದ್ದು ಅಷ್ಟೇ. ಅಂದರೆ ತಪ್ಪು ನಮ್ಮಲ್ಲಿ ಎಲ್ಲಿದೆ ಎಂದು ಹುಡುಕಲು. ನೀವು ಹೇಗಿದ್ದೀರಿ ಎಂದು ಯಾರೂ ಕೇಳಲಿಲ್ಲ.

ಸಂಶೋಧನೆ ಮಾಡುವವರು ಸಾಮಾಜಿಕ ಪರಿಣಾಮ ಎಂದು ಬರೆಯುವಾಗ ಬಳಸುವವನನ್ನು ಮಾತ್ರ ಯಾಕೆ ಕೇಳುತ್ತಾರೆ? ಅವನಿಂದ ಸಮಾಜಕ್ಕೆ ಏನಾಯಿತು ಎಂಬುದನ್ನೂ ಅವನೇ ಹೇಳಬೇಕಾ?

ಸಂಶೋಧನಾ ವಿದ್ಯಾರ್ಥಿನಿ

ಅಕ್ಕಾ, ನಿಮ್ಮ ಮಾತು ಓದಿ ತುಂಬಾ ಹೊತ್ತು ಏನೂ ಬರೆಯಲು ಆಗಲಿಲ್ಲ. ಇಷ್ಟನ್ನು ಇಲ್ಲಿ ಬರೆದದ್ದಕ್ಕೆ ಕೃತಜ್ಞಳು.

ನೀವು ಹೇಳಿದ್ದನ್ನೇ ಜೀವನವಿಡೀ ಅಧ್ಯಯನ ಮಾಡಿದ ಒಬ್ಬರಿದ್ದಾರೆ. ಬ್ರಿಟನ್ನಿನ ಮನೋವಿಜ್ಞಾನಿ ಜಿಮ್ ಆರ್ಫರ್ಡ್. ಅವರ ತಂಡ ಇಂಗ್ಲೆಂಡ್, ಮೆಕ್ಸಿಕೊ, ಆಸ್ಟ್ರೇಲಿಯಾದ ಮೂಲನಿವಾಸಿ ಸಮುದಾಯಗಳಲ್ಲಿ ಕುಟುಂಬದವರನ್ನು ಮಾತಾಡಿಸಿತು. ಭಾಷೆ, ಬದುಕು ಎಲ್ಲ ಬೇರೆ. ಹೇಳಿಕೊಂಡ ಕಷ್ಟದ ತಿರುಳು ಮಾತ್ರ ಹೆಚ್ಚುಕಮ್ಮಿ ಒಂದೇ. ನಿದ್ದೆ ಇಲ್ಲ, ಯಾವಾಗ ಏನಾಗುತ್ತದೋ ಎಂಬ ಆತಂಕ, ಹೇಳಿಕೊಳ್ಳಲು ಯಾರೂ ಇಲ್ಲ, ಬೈಯಬೇಕೋ ಸಹಿಸಬೇಕೋ ದೂರ ಇರಬೇಕೋ ಎಂಬ ಗೊಂದಲ. 2013ರಲ್ಲಿ ಆರ್ಫರ್ಡ್ ಮತ್ತು ಸಂಗಡಿಗರು ಮಾಡಿದ ಅಂದಾಜಿನ ಪ್ರಕಾರ ಮನೆಯವರೊಬ್ಬರ ಚಟದಿಂದ ನರಳುವ ವಯಸ್ಕರು ಜಗತ್ತಿನಲ್ಲಿ ಕಡಿಮೆ ಎಂದರೂ 10 ಕೋಟಿ. ಇದರಲ್ಲಿ ಕುಡಿತವೂ ಸೇರಿದೆ.

ಅವರು ಇನ್ನೊಂದು ಮಾತು ಒತ್ತಿ ಹೇಳುತ್ತಾರೆ. ಕುಟುಂಬದವರು ರೋಗಿಗಳಲ್ಲ, ಚಟಕ್ಕೆ ಕುಮ್ಮಕ್ಕು ಕೊಡುವವರೂ ಅಲ್ಲ. ಅತಿಯಾದ ಒತ್ತಡದಲ್ಲಿ ಸಿಕ್ಕಿಕೊಂಡ ಸಾಮಾನ್ಯ ಜನ. ನಿಮಗೆ ಕೊಟ್ಟ ಆ ಫಾರ್ಮ್ ಮಾಡಿದವರು ಇದನ್ನು ಓದಿದ್ದರೆ ಚೆನ್ನಾಗಿತ್ತು.

ರಾತ್ರಿ ಪಾಳಿ

ನಾನು ನರ್ಸ್. ತುರ್ತು ಚಿಕಿತ್ಸೆ ವಾರ್ಡಿನಲ್ಲಿ ಕೆಲಸ. ಈ ಚರ್ಚೆಗೆ ಒಂದು ವಿಷಯ ಸೇರಿಸಲೇಬೇಕು, ಏಕೆಂದರೆ ಇದರಿಂದ ಜೀವ ಹೋಗುತ್ತದೆ ಮತ್ತು ಎಷ್ಟೋ ಮನೆಯವರಿಗೆ ಗೊತ್ತಿರುವುದಿಲ್ಲ.

ಹೆರಾಯಿನ್‌ನಂಥ ಓಪಿಯಾಯ್ಡ್ (ಅಫೀಮಿನ ಬಗೆಯ ಮಾದಕ ವಸ್ತು, ನೋವಿನ ಔಷಧ) ದಿನವೂ ತೆಗೆದುಕೊಳ್ಳುವವರ ದೇಹ ಅದಕ್ಕೆ ಒಗ್ಗಿಹೋಗಿರುತ್ತದೆ. ಬೇರೆಯವರ ಉಸಿರು ನಿಲ್ಲಿಸುವಷ್ಟು ಡೋಸ್ ಅವರಿಗೆ ಮಾಮೂಲಿ ಆಗಿರುತ್ತದೆ. ಕೆಲವು ವಾರ ನಿಲ್ಲಿಸಿದರೆ ಆ ಒಗ್ಗುವಿಕೆ ಹೋಗುತ್ತದೆ. ಆದರೆ ಆಸೆ ಹೋಗಿರುವುದಿಲ್ಲ. ಹೊರಗೆ ಬಂದು ಮೊದಲಿನಷ್ಟೇ ಡೋಸ್ ತೆಗೆದುಕೊಂಡರೆ ಉಸಿರು ನಿಲ್ಲುತ್ತದೆ.

ಇದು ನನ್ನ ಅನುಭವ ಮಾತ್ರ ಅಲ್ಲ. ಅಮೆರಿಕದ ವಾಷಿಂಗ್ಟನ್ ರಾಜ್ಯದಲ್ಲಿ ಜೈಲಿನಿಂದ ಬಿಡುಗಡೆಯಾದ 30,237 ಜನರ ಲೆಕ್ಕ ಇಟ್ಟು 2007ರಲ್ಲಿ ಇಂಗ್ರಿಡ್ ಬಿನ್ಸ್‌ವಾಂಗರ್ ತಂಡ ಪ್ರಕಟಿಸಿತು. ಬಿಡುಗಡೆಯಾದ ಮೊದಲ ಎರಡು ವಾರದಲ್ಲಿ ಅವರು ಸಾಯುವ ಅಪಾಯ ಅದೇ ರಾಜ್ಯದ ಬೇರೆ ಜನರಿಗಿಂತ 12.7 ಪಟ್ಟು ಹೆಚ್ಚು. ಓವರ್‌ಡೋಸ್‌ನಿಂದ ಸಾಯುವ ಅಪಾಯ 129 ಪಟ್ಟು. ಈ ಸಾವನ್ನು ಯಾವ ಪಟ್ಟಿಗೆ ಹಾಕುತ್ತೀರಿ ವಿದ್ಯಾರ್ಥಿನಿಯವರೇ? ಡ್ರಗ್ಸ್‌ನ ಪರಿಣಾಮವಾ, ಜೈಲಿನ ಪರಿಣಾಮವಾ? ನೀವು ಕೇಳಿದ ಮೂರನೇ ಪ್ರಶ್ನೆ ಇದೇ.

ಬಲವಂತವಾಗಿ ಕೂಡಿಹಾಕಿ, ಬರೀ ದೇಹದಿಂದ ವಿಷ ಇಳಿಸಿ, ಔಷಧವಿಲ್ಲದೆ ಮನೆಗೆ ಕಳಿಸುವ ಚಿಕಿತ್ಸಾ ಕೇಂದ್ರಗಳಿಂದ ಬಂದವರಲ್ಲೂ ಇದೇ ಅಪಾಯ. ಮನೆಯವರು ಈಗ ವಾಸಿಯಾಯಿತು ಎಂದು ನೆಮ್ಮದಿಯಲ್ಲಿರುವ ಹೊತ್ತಿಗೇ ಆಗುತ್ತದೆ.

ಇದಕ್ಕೆ ಔಷಧ ಇದೆ, ಹೆರಾಯಿನ್ ಬದಲು ವೈದ್ಯರ ನಿಗಾದಲ್ಲಿ ಕೊಡುವಂಥದ್ದು. ಮೆಥಡೋನ್ ಚಿಕಿತ್ಸೆಯನ್ನು ವಿನ್ಸೆಂಟ್ ಡೋಲ್ ಮತ್ತು ಮೇರಿ ನೈಸ್ವಾಂಡರ್ ನ್ಯೂಯಾರ್ಕಿನಲ್ಲಿ ಶುರುಮಾಡಿ 1965ರಲ್ಲಿ ಪ್ರಕಟಿಸಿದರು. ಆಮೇಲೆ ಬ್ಯುಪ್ರೆನಾರ್ಫಿನ್ ಬಂತು. 2017ರಲ್ಲಿ ಹಲವು ದೇಶಗಳ ಅಧ್ಯಯನಗಳನ್ನು ಒಟ್ಟು ಸೇರಿಸಿ ನೋಡಿದಾಗ, ಮೆಥಡೋನ್ ಚಿಕಿತ್ಸೆಯಲ್ಲಿ ಇರುವವರಲ್ಲಿ ವರ್ಷಕ್ಕೆ ಸಾವಿರಕ್ಕೆ 11 ಸಾವು, ಚಿಕಿತ್ಸೆ ಬಿಟ್ಟವರಲ್ಲಿ 36. ಮೂರು ಪಟ್ಟು ವ್ಯತ್ಯಾಸ! ಆದರೂ ಒಂದು ಚಟ ಬಿಡಿಸಿ ಇನ್ನೊಂದು ಹತ್ತಿಸುತ್ತೀರಾ ಎಂದು ಕೇಳಿ ಔಷಧ ನಿಲ್ಲಿಸುವ ಮನೆಯವರನ್ನು ನೋಡಿದ್ದೇನೆ. ನಿಲ್ಲಿಸಿದ ಮೊದಲ ನಾಲ್ಕು ವಾರ ತುಂಬಾ ಅಪಾಯದ ಕಾಲ. ದಯವಿಟ್ಟು ವೈದ್ಯರನ್ನು ಕೇಳದೆ ನಿಲ್ಲಿಸಬೇಡಿ. ಓಪಿಯಾಯ್ಡ್ ಓವರ್‌ಡೋಸ್ ಆದವರಿಗೆ ನ್ಯಾಲಾಕ್ಸೋನ್ ಎಂಬ ಔಷಧ ಬೇಗ ಕೊಟ್ಟರೆ ಉಸಿರು ಮರಳುತ್ತದೆ. ಆದರೆ ಅದರ ಪ್ರಭಾವ ಬೇಗ ಇಳಿಯುತ್ತದೆ, ಹಾಗಾಗಿ ಕೊಟ್ಟ ಮೇಲೂ ಆಸ್ಪತ್ರೆಗೆ ಕರೆತರಲೇಬೇಕು.

ಬಿಟ್ಟವನು

ಸಿಸ್ಟರ್ ಹೇಳಿದ್ದು ಸತ್ಯ. ನನ್ನ ಒಬ್ಬ ಗೆಳೆಯ ಹಾಗೇ ಹೋದ.

ನನ್ನದು ಬೇರೆ ಕಥೆ. ನಾನು ಯಾವ ಕೇಂದ್ರಕ್ಕೂ ಸೇರಿದವನಲ್ಲ. ಗಾಂಜಾ, ಆಮೇಲೆ ಮಾತ್ರೆ, ಆಮೇಲೆ ಏನು ಸಿಕ್ಕರೆ ಅದು. ವರ್ಷಗಟ್ಟಲೆ ನಡೆಯಿತು. ಬಿಟ್ಟದ್ದು ಒಂದೇ ದಿನದಲ್ಲಿ ಅಲ್ಲ. ಬೇರೆ ಜಾಗದಲ್ಲಿ ಕೆಲಸ ಸಿಕ್ಕಿತು, ಹಳೆಯ ಜೊತೆಗಾರರು ದೂರವಾದರು, ನನ್ನ ಮೇಲೆ ನಂಬಿಕೆ ಇಟ್ಟು ಕೀಲಿಕೈ ಕೊಡುವ ಒಬ್ಬ ಯಜಮಾನರು ಸಿಕ್ಕರು. ನಡುವೆ ಜಾರಿದೆ, ಮತ್ತೆ ಎದ್ದೆ. ಈಗ ಸಂಸಾರ ಇದೆ. ನನ್ನಂಥವರು ಇನ್ನೂ ಕೆಲವರು ಗೊತ್ತು. ನಾವು ಯಾರೂ ಬಾಯಿ ಬಿಡುವುದಿಲ್ಲ. ಹೇಳಿದರೆ ಕೆಲಸ ಹೋಗುತ್ತದೆ, ಮಕ್ಕಳಿಗೆ ಮಾತು ಬರುತ್ತದೆ.

ನಾನು ಕೇಳುವುದು ಇಷ್ಟೇ. ನಿಮ್ಮ ಸಂಶೋಧನೆಯಲ್ಲಿ ನಾನು ಎಲ್ಲಿದ್ದೇನೆ? ಒಮ್ಮೆ ಹಿಡಿದರೆ ಬಿಡಲಾಗದು ಎಂದು ಎಲ್ಲ ಕಡೆ ಬರೆದಿರುತ್ತಾರೆ. ಅದನ್ನು ಓದಿಯೇ ನಾನು ಎಷ್ಟೋ ವರ್ಷ ಬಿಡುವ ಪ್ರಯತ್ನವನ್ನೇ ಮಾಡಲಿಲ್ಲ.

ಅಂಕಿ ಓದುವವ

ಅಣ್ಣಾ, ನಿಮ್ಮ ಪ್ರಶ್ನೆ ಈ ಇಡೀ ಕ್ಷೇತ್ರದ ದೊಡ್ಡ ಪ್ರಶ್ನೆ.

1984ರಲ್ಲಿ ಪೆಟ್ರೀಷಿಯಾ ಕೋಹೆನ್ ಮತ್ತು ಜೇಕಬ್ ಕೋಹೆನ್ ಇದಕ್ಕೆ 'ವೈದ್ಯರ ಭ್ರಮೆ' ಎಂದು ಹೆಸರಿಟ್ಟರು. ಆಸ್ಪತ್ರೆಯಲ್ಲಿ ಯಾವುದೇ ಒಂದು ದಿನ ಎಣಿಸಿದರೆ ಅಲ್ಲಿ ಸಿಗುವವರು ಹೆಚ್ಚಾಗಿ ಬಹಳ ಕಾಲ ನರಳುವವರು, ಮತ್ತೆ ಮತ್ತೆ ಬರುವವರು. ಬೇಗ ಗುಣವಾದವರು ಆಗಲೇ ಮನೆ ಸೇರಿರುತ್ತಾರೆ. ಆಸ್ಪತ್ರೆಗೆ ಬಾರದೆ ಬಿಟ್ಟವರಂತೂ ಲೆಕ್ಕಕ್ಕೇ ಬರುವುದಿಲ್ಲ. ಹಾಗಾಗಿ ಅಲ್ಲಿಂದ ನೋಡುವವರಿಗೆ ಎಲ್ಲರ ಚಟವೂ ಜೀವನವಿಡೀ ಇರುವಂತೆ ಕಾಣುತ್ತದೆ.

ಹೊರಗೆ ಹೋಗಿ ಎಣಿಸಿದವರು ಅಮೆರಿಕದ ಸಂಶೋಧಕಿ ಲೀ ರಾಬಿನ್ಸ್. ವಿಯೆಟ್ನಾಂ ಯುದ್ಧದಲ್ಲಿದ್ದ ಅಮೆರಿಕದ ಸೈನಿಕರಲ್ಲಿ ಹೆರಾಯಿನ್ ಹರಡಿತ್ತು. ಅವರೆಲ್ಲ ಊರಿಗೆ ಬಂದರೆ ಏನು ಗತಿ ಎಂದು ಸರ್ಕಾರಕ್ಕೆ ಹೆದರಿಕೆ. 1971ರ ಸೆಪ್ಟೆಂಬರ್‌ನಲ್ಲಿ ಮರಳಿದವರನ್ನು ರಾಬಿನ್ಸ್ ತಂಡ ಹುಡುಕಿ ಮಾತಾಡಿಸಿತು, ಮೂತ್ರ ಪರೀಕ್ಷೆಯನ್ನೂ ಮಾಡಿತು. ಅಲ್ಲಿದ್ದಾಗ ಸುಮಾರು 20% ಜನ ಚಟಕ್ಕೆ ಬಿದ್ದಿದ್ದೆವು ಎಂದು ಹೇಳಿದರು. ಅವರಲ್ಲಿ ಮರಳಿದ ಮೊದಲ ವರ್ಷದಲ್ಲಿ ಮತ್ತೆ ಚಟಕ್ಕೆ ಬಿದ್ದವರು 5% ಮಾತ್ರ. ಮೂರು ವರ್ಷದ ಲೆಕ್ಕ ಹಿಡಿದರೂ 12%. ಆ ಕಾಲದಲ್ಲಿ ಬಹಳ ಜನ ಇದನ್ನು ನಂಬಲೇ ಇಲ್ಲ.

ಜಾಗ ಬದಲಾಯಿತು, ಜೊತೆಗಾರರು ಬದಲಾದರು, ಮಾಡುವ ಕೆಲಸ ಬದಲಾಯಿತು. ನಿಮಗೂ ಆದದ್ದು ಅದೇ. ಬಿಡಲು ಎಲ್ಲರಿಗೂ ಸುಲಭ ಎಂದು ಹೇಳುತ್ತಿಲ್ಲ. ಸೈನಿಕರಿಗೆ ಮರಳಲು ಒಂದು ಬದುಕು ಇತ್ತು. ಚಟ ಹಿಡಿದ ಬೀದಿಯಲ್ಲೇ ಮತ್ತೆ ಮಲಗಬೇಕಾದವನಿಗೆ ಅದು ಇರುವುದಿಲ್ಲ.

ಅವನ ತಂಗಿ

@ಬಿಟ್ಟವನು, ನಿಮ್ಮ ಮಾತು ಅಮ್ಮನಿಗೆ ಓದಿ ಹೇಳಿದೆ. ಅವರು ನಿಮ್ಮ ಯಜಮಾನರ ಬಗ್ಗೆಯೇ ಎರಡು ಸಲ ಕೇಳಿದರು.

ಹೈಸ್ಕೂಲ್ ಮೇಷ್ಟ್ರು

ನನ್ನ ಪ್ರಶ್ನೆ ಶಾಲೆಯದ್ದು. ವರ್ಷಕ್ಕೊಮ್ಮೆ ಯಾರನ್ನಾದರೂ ಕರೆಸಿ ಡ್ರಗ್ಸ್ ವಿರುದ್ಧ ಭಾಷಣ ಮಾಡಿಸುತ್ತೇವೆ. ಭಯಾನಕ ಚಿತ್ರಗಳನ್ನು ತೋರಿಸುತ್ತಾರೆ, ಮಕ್ಕಳು ಪ್ರತಿಜ್ಞೆ ಮಾಡುತ್ತಾರೆ. ಇದರಿಂದ ನಿಜವಾಗಿ ಪ್ರಯೋಜನ ಇದೆಯೇ? ಯಾರಾದರೂ ಪರೀಕ್ಷಿಸಿದ್ದಾರಾ? ಮಕ್ಕಳ ಒಂದು ಇಡೀ ದಿನ ಕೊಡುತ್ತೇವೆ, ಅದಕ್ಕೇ ಕೇಳಿದೆ.

ಸಂಶೋಧನಾ ವಿದ್ಯಾರ್ಥಿನಿ

ಪರೀಕ್ಷಿಸಿದ್ದಾರೆ ಮೇಷ್ಟ್ರೇ. ಫಲಿತಾಂಶ ನಿರಾಸೆಯದ್ದು. 1983ರಲ್ಲಿ ಲಾಸ್ ಏಂಜಲಿಸ್‌ನಲ್ಲಿ ಡೇರ್ ಎಂಬ ಕಾರ್ಯಕ್ರಮ ಶುರುವಾಯಿತು. ಸಮವಸ್ತ್ರದ ಪೊಲೀಸರು ತರಗತಿಗೆ ಬಂದು ಪಾಠ ಮಾಡುತ್ತಿದ್ದರು. ಪೋಷಕರಿಗೆ ಇಷ್ಟ, ಶಾಲೆಗಳಿಗೆ ಇಷ್ಟ, ದೇಶವಿಡೀ ಹರಡಿತು. 1994ರಲ್ಲಿ ಅದರ ಅಧ್ಯಯನಗಳನ್ನೆಲ್ಲ ಒಟ್ಟಿಗೆ ನೋಡಿದಾಗ ಮಕ್ಕಳ ಡ್ರಗ್ಸ್ ಬಳಕೆಯ ಮೇಲೆ ಅದರ ಪ್ರಭಾವ ತೀರಾ ಕಡಿಮೆ ಎಂದು ತಿಳಿಯಿತು. ಅದೇ ದೇಶ 1998ರಿಂದ ಟಿವಿ ಜಾಹೀರಾತಿಗೆ ಅಪಾರ ದುಡ್ಡು ಸುರಿಯಿತು. ಅದರಿಂದಲೂ ಮಕ್ಕಳ ಗಾಂಜಾ ಬಳಕೆ ಇಳಿಯಲಿಲ್ಲ.

ಐಸ್‌ಲ್ಯಾಂಡ್ ಬೇರೆ ದಾರಿ ಹಿಡಿಯಿತು. ಅಲ್ಲಿ ಭಾಷಣಕ್ಕಿಂತ ಮಕ್ಕಳ ಸಂಜೆಯ ಹೊತ್ತಿನ ಕಡೆ ಗಮನ ಕೊಟ್ಟರು. ಆಟ, ಸಂಗೀತ, ಚಿತ್ರಕಲೆಗೆ ಸೇರಲು ಸ್ಥಳೀಯ ಆಡಳಿತಗಳು ಹಣ ಕೊಟ್ಟವು. ರಾತ್ರಿ ಮಕ್ಕಳು ಹೊರಗಿರುವ ಹೊತ್ತಿಗೆ ಮಿತಿ ಹಾಕಿದರು. ಪೋಷಕರು ಒಟ್ಟಾಗಿ ಒಪ್ಪಂದ ಮಾಡಿಕೊಂಡರು. ಮಕ್ಕಳನ್ನು ನಿಯಮಿತವಾಗಿ ಸಮೀಕ್ಷೆ ಮಾಡಿ, ಫಲಿತಾಂಶವನ್ನು ಆಯಾ ಶಾಲೆಗೇ ಬೇಗ ತಲುಪಿಸಿದರು. 15-16 ವಯಸ್ಸಿನವರಲ್ಲಿ ಹಿಂದಿನ ತಿಂಗಳು ಕುಡಿದು ಅಮಲೇರಿಸಿಕೊಂಡವರು 1998ರಲ್ಲಿ 42% ಇದ್ದರು. 2016ರಲ್ಲಿ 5%. ಒಮ್ಮೆಯಾದರೂ ಗಾಂಜಾ ಸೇದಿದವರು 17%ರಿಂದ 7%ಕ್ಕೆ ಇಳಿದರು.

ಅಂಕಿ ಓದುವವ

ಒಂದು ಎಚ್ಚರಿಕೆ ಸೇರಿಸುತ್ತೇನೆ. ಅದೇ ಕಾಲದಲ್ಲಿ ಯುರೋಪಿನ ಬೇರೆ ಹಲವು ದೇಶಗಳಲ್ಲೂ ಹದಿಹರೆಯದವರ ಕುಡಿತ ಇಳಿದಿದೆ. ಅಷ್ಟನ್ನೂ ಐಸ್‌ಲ್ಯಾಂಡ್ ಕಾರ್ಯಕ್ರಮಕ್ಕೇ ಕೊಡಲು ಆಗದು. ಆದರೆ ಇಳಿಕೆ ಅಲ್ಲಿ ಬೇರೆ ಕಡೆಗಿಂತ ತೀವ್ರವಾಗಿತ್ತು. ಮೇಷ್ಟ್ರೇ, ಆ ಒಂದು ದಿನವನ್ನು ಆಟಕ್ಕೆ ಕೊಟ್ಟರೆ ನಷ್ಟವಂತೂ ಇಲ್ಲ.

ಕಾನೂನು ಓದು

ಇಲ್ಲಿ ಎಲ್ಲರೂ ಚಿಕಿತ್ಸೆ, ಪರಿಸರ ಎನ್ನುತ್ತಿದ್ದೀರಿ. ಮಾಲು ಸಿಗದಂತೆ ಮಾಡುವುದು, ತಪ್ಪಿಗೆ ಶಿಕ್ಷೆ ಕೊಡುವುದು ಬೇಡವೇ? ಅಮೆರಿಕದ ಓರೆಗಾನ್ ರಾಜ್ಯದಲ್ಲಿ ಏನಾಯಿತು ನೋಡಿ. 2020ರ ನವೆಂಬರ್‌ನಲ್ಲಿ ಜನ ಮತ ಹಾಕಿ, ಸ್ವಂತಕ್ಕೆ ಸ್ವಲ್ಪ ಡ್ರಗ್ಸ್ ಇಟ್ಟುಕೊಂಡರೆ ಜೈಲಿಲ್ಲ ಎಂದು ಮಾಡಿದರು. ಬೀದಿಯಲ್ಲೇ ಬಹಿರಂಗವಾಗಿ ಬಳಸುವುದು ಶುರುವಾಯಿತು, ಸಾವು ಏರಿತು, 2024ರಲ್ಲಿ ಅದನ್ನು ಮತ್ತೆ ಅಪರಾಧ ಎಂದು ಘೋಷಿಸಬೇಕಾಯಿತು. ಬೀದಿಯಲ್ಲಿ ನಡೆದಾಡುವ ಸಾಮಾನ್ಯ ಜನರೂ ಸಮಾಜವೇ ಅಲ್ವಾ? ಅವರ ಭಯವನ್ನು ಯಾರು ಎಣಿಸುತ್ತಾರೆ?

ಫಾರ್ಮಸಿಸ್ಟ್

ಸರ್, ಬೀದಿಯಲ್ಲಿ ನಡೆಯುವವರ ಭಯವನ್ನು ಎಣಿಸಬೇಕು ಎಂಬ ಮಾತು ಪೂರ್ತಿ ಒಪ್ಪುತ್ತೇನೆ. ಆದರೆ ಓರೆಗಾನ್‌ಗೆ ಅದೇ ಹೊತ್ತಿನಲ್ಲಿ ಫೆಂಟನಿಲ್ ಎಂಬ, ಹೆರಾಯಿನ್‌ಗಿಂತ ಬಹಳ ತೀವ್ರವಾದ ಓಪಿಯಾಯ್ಡ್ ಬಂತು. ಅದನ್ನು ಲೆಕ್ಕಕ್ಕೆ ತೆಗೆದುಕೊಂಡ 2024ರ ಅಧ್ಯಯನದಲ್ಲಿ ಸಾವು ಏರಿದ್ದಕ್ಕೂ ಆ ಕಾನೂನಿಗೂ ಸಂಬಂಧ ಕಾಣಲಿಲ್ಲ. ಚಿಕಿತ್ಸೆಗೆ ಮೀಸಲಿಟ್ಟ ಹಣ ತಡವಾಗಿ ತಲುಪಿತು. ಪೋರ್ಚುಗಲ್ 2001ರಲ್ಲಿ ಇಂಥದ್ದೇ ಕಾನೂನು ತಂದಿತು. ಹತ್ತು ದಿನಕ್ಕೆ ಸಾಕಾಗುವಷ್ಟರೊಳಗೆ ಸಿಕ್ಕರೆ ಜೈಲಿಲ್ಲ. ಆದರೆ ಸುಮ್ನೆ ಬಿಡುವುದಿಲ್ಲ, ವಿಶೇಷ ಸಮಿತಿಯ ಮುಂದೆ ಹೋಗಬೇಕು, ಅಲ್ಲಿಂದ ಬೇಕಾದವರಿಗೆ ಚಿಕಿತ್ಸೆ. ಮೆಥಡೋನ್, ಶುದ್ಧ ಸೂಜಿ ಎಲ್ಲ ಜೊತೆಗೇ ಇತ್ತು. ಚುಚ್ಚಿಕೊಳ್ಳುವವರಲ್ಲಿ ಹೊಸ ಎಚ್‌ಐವಿ ಬಹಳ ಇಳಿಯಿತು. ಕಾನೂನು ಒಂದನ್ನೇ ಎತ್ತಿಕೊಂಡು ಉಳಿದದ್ದನ್ನು ಬಿಟ್ಟರೆ ಪೋರ್ಚುಗಲ್ ಆಗುವುದಿಲ್ಲ.

ಮಾಲು ತಡೆಯುವ ಬಗ್ಗೆ ನನ್ನ ವೃತ್ತಿಯ ಕಡೆಯಿಂದ ಒಂದು ಕಥೆ. ಅಮೆರಿಕದ ಓಪಿಯಾಯ್ಡ್ ಹಾವಳಿಯದ್ದು. ಅದು ಶುರುವಾದದ್ದು ಬೀದಿಯಲ್ಲಿ ಅಲ್ಲ, ವೈದ್ಯಕೀಯ ಪತ್ರಿಕೆಯಲ್ಲಿ. 1980ರಲ್ಲಿ ನ್ಯೂ ಇಂಗ್ಲೆಂಡ್ ಜರ್ನಲ್ ಆಫ್ ಮೆಡಿಸಿನ್‌ನಲ್ಲಿ ಒಂದು ಚಿಕ್ಕ ಪತ್ರ ಬಂತು. ಒಂದು ಪ್ಯಾರಾ ಅಷ್ಟೇ. ಆಸ್ಪತ್ರೆಯಲ್ಲಿ ಓಪಿಯಾಯ್ಡ್ ಪಡೆದ 11,882 ಜನರಲ್ಲಿ, ಮೊದಲು ಚಟ ಇಲ್ಲದೆ ಹೊಸದಾಗಿ ಚಟಕ್ಕೆ ಬಿದ್ದದ್ದು ನಾಲ್ವರು ಎಂದು. ಅವರೆಲ್ಲ ಆಸ್ಪತ್ರೆಯೊಳಗೆ ಕಣ್ಣೆದುರು ಇದ್ದವರು. ಮನೆಗೆ ಮಾತ್ರೆ ಒಯ್ದವರಲ್ಲ. 2017ರಲ್ಲಿ ಲೆಕ್ಕ ಹಾಕಿದಾಗ ಆ ಪತ್ರವನ್ನು 608 ಕಡೆ ಉಲ್ಲೇಖಿಸಿದ್ದರು. ಹೆಚ್ಚಿನವರು ನೋವಿನ ಮಾತ್ರೆಯಿಂದ ಚಟ ಹತ್ತುವುದು ಅಪರೂಪ ಎಂಬುದಕ್ಕೆ ಪುರಾವೆಯಾಗಿ ಬಳಸಿದ್ದರು. ಅದು ಆಸ್ಪತ್ರೆಯ ರೋಗಿಗಳ ಲೆಕ್ಕ ಎಂದು 80% ಲೇಖನಗಳು ಹೇಳಲೇ ಇಲ್ಲ.

1996ರಲ್ಲಿ ಪರ್ಡ್ಯೂ ಕಂಪನಿ ಆಕ್ಸಿಕಾಂಟಿನ್ ಎಂಬ ಓಪಿಯಾಯ್ಡ್ ನೋವಿನ ಮಾತ್ರೆಯನ್ನು ಮಾರುಕಟ್ಟೆಗೆ ತಂದಿತು. ಚಟದ ಅಪಾಯದ ಬಗ್ಗೆ ದಾರಿ ತಪ್ಪಿಸಿ ಮಾರಿದ್ದಕ್ಕೆ 2007ರಲ್ಲಿ ಕೋರ್ಟಿನಲ್ಲಿ ತಪ್ಪೊಪ್ಪಿಕೊಂಡಿತು. 2010ರಲ್ಲಿ ಮಾತ್ರೆಯನ್ನು ಪುಡಿ ಮಾಡಿ ಸೇದಲಾಗದಂತೆ ಬದಲಾಯಿಸಿದರು. ಒಳ್ಳೆಯ ಉದ್ದೇಶವೇ. ಆದರೆ ಯಾವ ರಾಜ್ಯಗಳಲ್ಲಿ ಆ ಮಾತ್ರೆಯ ದುರ್ಬಳಕೆ ಜಾಸ್ತಿ ಇತ್ತೋ ಅಲ್ಲೇ ಹೆರಾಯಿನ್ ಸಾವು ಹೆಚ್ಚು ಏರಿತು. 2013ರಿಂದ ಫೆಂಟನಿಲ್ ಬಂದು ಸೇರಿತು. ಆ ದೇಶದಲ್ಲಿ 1999ರಲ್ಲಿ ವರ್ಷಕ್ಕೆ ಸುಮಾರು 17,000 ಇದ್ದ ಓವರ್‌ಡೋಸ್ ಸಾವು 2022ರಲ್ಲಿ 1 ಲಕ್ಷ ದಾಟಿತ್ತು. ಪೂರೈಕೆ ತಡೆಯಬೇಡಿ ಎನ್ನುತ್ತಿಲ್ಲ ಸರ್. ಆಗಲೇ ಚಟ ಇರುವವನಿಗೆ ಚಿಕಿತ್ಸೆಯ ಬಾಗಿಲು ತೆರೆಯದೆ ಬರೀ ಮಾಲು ಮುಚ್ಚಿದರೆ, ಅವನು ಇನ್ನೂ ಕೆಟ್ಟದ್ದರ ಕಡೆ ಹೋಗುತ್ತಾನೆ.

ಕಾನೂನು ಓದು

ಆಕ್ಸಿಕಾಂಟಿನ್ ವಿಷಯ ಯೋಚಿಸುವಂಥದ್ದು. ಆದರೆ ಮಾರುವವನ ಮೇಲಿನ ಶಿಕ್ಷೆ ಸಡಿಲವಾಗಬಾರದು ಎಂಬ ನನ್ನ ನಿಲುವು ಹಾಗೇ ಇದೆ. ಬಳಸುವವನನ್ನು ಸಮಿತಿಯ ಮುಂದೆ ಕಳಿಸುವುದು ಬೇರೆ, ಮಾರುವವನನ್ನು ಬಿಡುವುದು ಬೇರೆ.

ಫಾರ್ಮಸಿಸ್ಟ್

ಪೋರ್ಚುಗಲ್‌ನಲ್ಲೂ ಮಾರುವುದು ಅಪರಾಧವೇ ಸರ್. ಅದನ್ನು ಯಾವತ್ತೂ ತೆಗೆದಿಲ್ಲ.

ರಾತ್ರಿ ಪಾಳಿ

ಹೆಂಗಸರ ವಿಷಯ ಯಾರೂ ಎತ್ತಿಲ್ಲ. ವಿಶ್ವಸಂಸ್ಥೆಯ 2024ರ ವರದಿಯ ಪ್ರಕಾರ 2022ರಲ್ಲಿ ಡ್ರಗ್ಸ್ ಬಳಸಿದವರು 29.2 ಕೋಟಿ ಜನ. ಅವರಲ್ಲಿ ಚಿಕಿತ್ಸೆ ಬೇಕಾಗುವ ಮಟ್ಟಕ್ಕೆ ಹೋದವರು 6.4 ಕೋಟಿ. ಚಿಕಿತ್ಸೆ ಸಿಕ್ಕಿದ್ದು 11ರಲ್ಲಿ ಒಬ್ಬರಿಗೆ. ಗಂಡಸರಲ್ಲಿ 7ಕ್ಕೆ ಒಬ್ಬರು, ಹೆಂಗಸರಲ್ಲಿ 18ಕ್ಕೆ ಒಬ್ಬರು. ಮಗುವನ್ನು ಕಿತ್ತುಕೊಳ್ಳುತ್ತಾರೆ ಎಂಬ ಭಯ, ಗಂಡನ ಭಯ, ಜನರ ಬಾಯಿ. ಚಿಕಿತ್ಸಾ ಕೇಂದ್ರಗಳಲ್ಲಿ ಮಾತ್ರ ಮಾಹಿತಿ ಕೇಳಿದರೆ ಇವರು ಯಾರೂ ನಿಮಗೆ ಸಿಗುವುದಿಲ್ಲ ವಿದ್ಯಾರ್ಥಿನಿಯವರೇ.

ಅವನ ತಂಗಿ

ನಮಗೆ ಕೊನೆಗೆ ದಾರಿ ಸಿಕ್ಕಿದ್ದು ಒಬ್ಬ ಕೌನ್ಸೆಲರ್ ಮೂಲಕ. ಅವರು ಅಣ್ಣನನ್ನು ಕರೆಯುವ ಮೊದಲು ಅಮ್ಮನನ್ನು ಮತ್ತು ನನ್ನನ್ನು ಕೂರಿಸಿಕೊಂಡರು. ಅವನು ಸರಿ ಇರುವ ಹೊತ್ತಿನಲ್ಲಿ ಜೊತೆಗೆ ಇರಿ, ನಶೆಯಲ್ಲಿದ್ದಾಗ ವಾದ ಬೇಡ, ಎದ್ದು ಹೋಗಿ, ನಿಮ್ಮ ಕೆಲಸ ನಿಮ್ಮ ಗೆಳತಿಯರನ್ನು ಬಿಡಬೇಡಿ ಎಂದು ಕಲಿಸಿದರು. ಆಮೇಲೆ ಗೊತ್ತಾಯಿತು, ಇದಕ್ಕೆ ಕ್ರಾಫ್ಟ್ ಎಂದು ಹೆಸರಂತೆ. ಇದರ ಬಗ್ಗೆ ಪುರಾವೆ ಇದೆಯೇ, ಅಥವಾ ನಮಗೆ ಅದೃಷ್ಟವೇ?

ಸಂಶೋಧನಾ ವಿದ್ಯಾರ್ಥಿನಿ

ಪುರಾವೆ ಇದೆ ಅಕ್ಕಾ. ರಾಬರ್ಟ್ ಮೇಯರ್ಸ್ ರೂಪಿಸಿದ ವಿಧಾನ ಅದು. ಕುಡಿತದ ವಿಷಯದಲ್ಲಿ 1999ರಲ್ಲಿ ಮೂರು ವಿಧಾನಗಳನ್ನು ಹೋಲಿಸಿ ನೋಡಿದರು. ಚಿಕಿತ್ಸೆ ಬೇಡ ಎನ್ನುತ್ತಿದ್ದವರನ್ನು ಚಿಕಿತ್ಸೆಗೆ ತರಲು ಕ್ರಾಫ್ಟ್ ಕಲಿತ ಕುಟುಂಬಗಳಲ್ಲಿ 64% ಯಶಸ್ಸು. ಎಲ್ಲರೂ ಸೇರಿ ಒಮ್ಮೆಗೇ ಎದುರಿಗೆ ನಿಂತು ಒತ್ತಾಯಿಸುವ ವಿಧಾನದಲ್ಲಿ 30%. ನೀನು ದೂರ ಸರಿದು ನಿನ್ನನ್ನು ನೋಡಿಕೋ ಎಂದು ಮಾತ್ರ ಹೇಳುವ ವಿಧಾನದಲ್ಲಿ 13%.

ಇಲ್ಲಿ ಕೇಳಿದ್ದನ್ನೆಲ್ಲ ಇಟ್ಟುಕೊಂಡು ಪ್ರಶ್ನಾವಳಿಯ ಯೋಜನೆ ಬದಲಾಯಿಸುತ್ತಿದ್ದೇನೆ. ಬಳಸುವವರ ಜೊತೆ ಮನೆಯ ಇನ್ನೊಬ್ಬರನ್ನೂ ಬೇರೆಯಾಗಿ ಮಾತಾಡಿಸುತ್ತೇನೆ. ಕೇಂದ್ರಕ್ಕೆ ಹೋಗದೆ ಬಿಟ್ಟವರನ್ನು ಪರಿಚಯದವರ ಮೂಲಕ ಹುಡುಕುತ್ತೇನೆ. ಪ್ರತಿ ಕಷ್ಟದ ಮುಂದೆ ಅದು ಯಾವಾಗ ಶುರುವಾಯಿತು ಎಂದು ಕೇಳುತ್ತೇನೆ: ಬಳಕೆಗೆ ಮೊದಲೋ, ಬಳಕೆ ಶುರುವಾದ ಮೇಲೋ, ಸಿಕ್ಕಿಬಿದ್ದ ಮೇಲೋ. ಒಂದೇ ಬೀದಿಯ, ಒಂದೇ ಆದಾಯದ, ಡ್ರಗ್ಸ್ ಇಲ್ಲದ ಮನೆಗಳನ್ನೂ ಸೇರಿಸುತ್ತೇನೆ. ಬೇರೆ ಏನು ಬಿಟ್ಟಿದ್ದೇನೆ ಹೇಳಿ.

ಬಿಟ್ಟವನು

ಹೆಸರು ಬರೆದುಕೊಳ್ಳಬೇಡಿ. ಫೋನ್ ನಂಬರೂ ಬೇಡ. ಆಡಿಯೊ ರೆಕಾರ್ಡ್ ಮಾಡಿದರೆ ಬರೆದುಕೊಂಡ ಮೇಲೆ ಅಳಿಸುತ್ತೇನೆ ಎಂದು ಮೊದಲೇ ಹೇಳಿ. ಪೊಲೀಸರು ಕೇಳಿದರೆ ನಿಮ್ಮ ಹತ್ತಿರ ಕೊಡಲು ಏನೂ ಇರಬಾರದು. ಆಗ ನನ್ನಂಥವರು ಬರುತ್ತಾರೆ.

ರಾತ್ರಿ ಪಾಳಿ

ಮನೆಯವರನ್ನು ಮಾತಾಡಿಸುವಾಗ ಬಳಸುವವರು ಪಕ್ಕದ ಕೋಣೆಯಲ್ಲೂ ಇರಬಾರದು. ನಿಮ್ಮ ಮುಂದೆ ಹೇಳಿದ ಮಾತಿಗೆ ಆಕೆ ರಾತ್ರಿ ಹೊಡೆತ ತಿನ್ನಬಾರದು. ಯಾರಾದರೂ ಹೊಡೆತದ ವಿಷಯ ಹೇಳಿಕೊಂಡರೆ ಎಲ್ಲಿಗೆ ಕಳಿಸುತ್ತೀರಿ ಎಂಬುದು ಮಾತು ಶುರು ಮಾಡುವ ಮೊದಲೇ ನಿಮಗೆ ಗೊತ್ತಿರಬೇಕು. ಓವರ್‌ಡೋಸ್ ಆದಾಗ ಏನು ಮಾಡಬೇಕು ಎಂಬ ಒಂದು ಪುಟದ ಮಾಹಿತಿಯನ್ನು ಪ್ರತಿ ಮನೆಗೂ ಕೊಟ್ಟು ಬನ್ನಿ. ಬೇಕಾದರೆ ನಾನೇ ಬರೆದುಕೊಡುತ್ತೇನೆ.

ಸಂಶೋಧನಾ ವಿದ್ಯಾರ್ಥಿನಿ

ಬರೆದುಕೊಡಿ ಸಿಸ್ಟರ್. ನೈತಿಕ ಸಮಿತಿಗೆ ಕೊಡುವ ಅರ್ಜಿಯ ಜೊತೆಗೇ ಆ ಪುಟವನ್ನೂ ಲಗತ್ತಿಸುತ್ತೇನೆ. ಹೆಸರು, ಫೋನ್ ನಂಬರ್ ತೆಗೆದುಕೊಳ್ಳುವುದಿಲ್ಲ. ಒಪ್ಪಿಗೆಯನ್ನು ಸಹಿಯ ಬದಲು ಬಾಯಿಮಾತಿನಲ್ಲಿ ಪಡೆಯಲು ಅನುಮತಿ ಕೇಳುತ್ತೇನೆ.